ಕೆಂಪು ಬಸ್ಸಿನ ಲೆಕ್ಕ

ಬಕ್ಕತಲೆಯ ಮನುಷ್ಯನೊಬ್ಬ ಕೈಯಲ್ಲಿ ಪ್ಯಾಡು ಹಿಡಿದು, ಕಿವಿಗೆ ಪೆನ್ನು ಸಿಗಿಸಿಕೊಂಡು, ಬಂದ ಗಾಡಿ ಹೋದ ಗಾಡಿಗಳನ್ನೆಲ್ಲ ಬರೆದುಕೊಳ್ಳುತ್ತ ಬಸ್ ಸ್ಟ್ಯಾಂಡಿನ ಕಂಬಕ್ಕೆ ಒರಗಿ ನಿಂತಿದ್ದರೆ ಜನ ಅವನನ್ನು ಕಂಟ್ರೋಲರ್ ಎಂದೇ ತಿಳಿಯುತ್ತಾರೆ. ಹುನಗುಂದದ ಸ್ಟ್ಯಾಂಡಿನಲ್ಲಿ ನನಗೆ ಆದದ್ದೂ ಅದೇ. "ಬಾದಾಮಿ ಗಾಡಿ ಹೋತೇನ್ರಿ ಸರ?" ಎಂದು ಒಬ್ಬರು. "ಇಳಕಲ್ಲಿಗೆ ಯಾವ್ದ್ ನಿಂತೈತ್ರಿ?" ಎಂದು ಇನ್ನೊಬ್ಬರು. ಮೊದಮೊದಲು "ನನಗ ಗೊತ್ತಿಲ್ರಿ" ಎಂದೆ. ಒಬ್ಬ ಅಜ್ಜಿ ಸೊಂಟದ ಮೇಲೆ ಕೈಯಿಟ್ಟು ನಿಂತು, "ಪಗಾರ ಎಣಿಸ್ಕೊಳ್ಳಾಕ ಗೊತ್ತೈತಿ, ಗಾಡಿ ಹೇಳಾಕ ಗೊತ್ತಿಲ್ಲೇನು?" ಎಂದು ನಾಲ್ಕು ಜನರ ಮುಂದೆ ಜಾಡಿಸಿದಳು. ಅದಾದ ಮೇಲೆ ಕೇಳಿದವರಿಗೆಲ್ಲ "ಈಗ ಬರತೈತಿ, ಕುಂದರ್ರಿ" ಎನ್ನತೊಡಗಿದೆ. ಈ ಮಾತು ಎಂದೂ ಸುಳ್ಳಾಗುವುದಿಲ್ಲ. ಬಸ್ಸು ಯಾವಾಗ ಬಂದರೂ ಜನ ನನ್ನತ್ತ ಕೃತಜ್ಞತೆಯಿಂದ ಒಮ್ಮೆ ನೋಡಿಯೇ ಹತ್ತುತ್ತಿದ್ದರು. ಜೀವಮಾನವೆಲ್ಲ ಹೈಸ್ಕೂಲಿನಲ್ಲಿ ಗಣಿತ ಹೇಳಿದರೂ ಅಂಥ ನೋಟ ನನಗೆ ಸಿಕ್ಕಿರಲಿಲ್ಲ.

ನನ್ನನ್ನು ಅಲ್ಲಿ ನಿಲ್ಲಿಸಿದವಳು ಅಕ್ಕನ ಮಗಳು. ಧಾರವಾಡದಲ್ಲಿ ಅರ್ಥಶಾಸ್ತ್ರ ಓದುತ್ತಾಳೆ. ನಮ್ಮ ಕಾಲದ ಅರ್ಥಶಾಸ್ತ್ರವೆಂದರೆ ಬೇಡಿಕೆ, ಪೂರೈಕೆ, ಪಂಚವಾರ್ಷಿಕ ಯೋಜನೆ; ಪಾಸಾಗಲು ಕೈಬರಹ ಚೆನ್ನಾಗಿದ್ದರೆ ಸಾಕಿತ್ತು. ಈಗಿನದು ಹಾಗಲ್ಲ. ಇದರಲ್ಲಿ ಇಕನಾಮೆಟ್ರಿಕ್ಸ್ ಎಂಬುದೊಂದಿದೆ. ಅದರ ಪುಸ್ತಕ ತೆರೆದರೆ ನನ್ನ ಗಣಿತವೇ ವೇಷ ಮರೆಸಿಕೊಂಡು ಕೂತಿದೆ. "ಮಾಮಾ, ನೀವು ಹೆಂಗೂ ಖಾಲಿ ಅದೀರಿ" ಎಂದಳು. ಖಾಲಿ ಎಂಬ ಮಾತಿಗೆ ನಾನು ಏನಾದರೂ ಅನ್ನುವಷ್ಟರಲ್ಲಿ ಪ್ಯಾಡು ಕೈಗೆ ಬಂದಿತ್ತು. ನನ್ನ ಕೆಲಸ ಇಷ್ಟೇ: ಯಾರು ಬಂದರು, ಗಂಡಸೋ ಹೆಂಗಸೋ, ಗಂಟುಮೂಟೆ ಇದೆಯೋ ಇಲ್ಲವೋ, ಯಾವ ಊರ ಕಡೆ ಹೊರಟವರು, ಎದುರಿಗೆ ಏನೇನು ನಿಂತಿತ್ತು, ಕೊನೆಗೆ ಏನು ಹತ್ತಿದರು. ಹತ್ತಲು ಇರುವುದು ಮೂರು: ಕೆಂಪು ಬಸ್ಸು, ಟಂಟಂ, ಕ್ರೂಸರ್. "ಯಾರನ್ನೂ ಏನೂ ಕೇಳಬ್ಯಾಡ್ರಿ, ಬರೇ ನೋಡ್ರಿ" ಎಂದು ತಾಕೀತು ಮಾಡಿದ್ದಳು.

ಕೇಳಬೇಡಿ ಎಂದದ್ದಕ್ಕೆ ಕಾರಣವೂ ನಾನೇ. ಅದಕ್ಕೆ ಮುಂಚೆ ಅವಳು ಪ್ರಶ್ನಾವಳಿಯೊಂದನ್ನು ಹಿಡಿದು ಮನೆಯವರನ್ನೇ ಕೇಳಿ ರೂಢಿ ಮಾಡಿಕೊಳ್ಳುತ್ತಿದ್ದಳು. "ನೀವು ಬಸ್ಸನ್ನು ಏಕೆ ಆರಿಸುತ್ತೀರಿ?" ಎಂಬ ಪ್ರಶ್ನೆಗೆ ನಾನು ಸಾರ್ವಜನಿಕ ಸಾರಿಗೆ, ಡೀಸೆಲ್ ಉಳಿತಾಯ, ಪ್ರಯಾಣಿಕರ ಸುರಕ್ಷತೆ ಎಂದು ಸ್ವಾತಂತ್ರ್ಯೋತ್ಸವದ ಭಾಷಣದಂಥ ಉತ್ತರ ಕೊಟ್ಟೆ. ಅವಳು ಬರೆದುಕೊಳ್ಳುತ್ತಲೇ, "ನಿನ್ನಿ ಕಮತಗಿಗೆ ಟಂಟಂದಾಗ ಹೋಗಿದ್ರೆಲ್ಲಾ?" ಎಂದಳು. 1938ರಲ್ಲಿ ಪಾಲ್ ಸ್ಯಾಮ್ಯುಯೆಲ್ಸನ್ ಎಂಬ ಅಮೆರಿಕದ ಅರ್ಥಶಾಸ್ತ್ರಜ್ಞ ಇಪ್ಪತ್ತರ ಹರೆಯದಲ್ಲೇ ಈ ಮಾತು ಹೇಳಿಬಿಟ್ಟಿದ್ದಾನಂತೆ: ಜನರ ಮನಸ್ಸು ತಿಳಿಯಬೇಕಾದರೆ ಅವರ ಬಾಯಿ ಕೇಳಬೇಡ, ಅವರು ಆರಿಸಿದ್ದನ್ನು ನೋಡು. ಅವನ ಮನೆಯಲ್ಲೂ ನನ್ನಂಥ ಸೋದರಮಾವನೊಬ್ಬ ಇದ್ದಿರಬೇಕು.

ಸರಿ, ನೋಡಿದೆವು. ಹಳದಿ ಸೆರಗಿನ ಹೆಣ್ಣುಮಗಳು ಎರಡು ಚೀಲ ಹಿಡಿದು ಕಾದು ನಿಂತಳು, ಟಂಟಂ ಕರೆದರೂ ಹೋಗಲಿಲ್ಲ, ಬಸ್ಸು ಬಂದಮೇಲೆ ಹತ್ತಿದಳು. ಇದರಿಂದ ಅವಳ ಮನಸ್ಸಿನೊಳಗೆ ಹೊಕ್ಕು ಅವಳು ಹೊತ್ತಿಗೆಷ್ಟು ತೂಕ ಕೊಟ್ಟಳು, ದುಡ್ಡಿಗೆಷ್ಟು ಕೊಟ್ಟಳು ಎಂದು ಹೇಳುವುದು ಹೇಗೆ? ಅವಳ ತೂಕದ ಕಲ್ಲು ಯಾರಿಗೂ ಕಾಣದು, ಅವಳಿಗೂ ಕಾಣದು. ಕಂಡದ್ದು ಅವಳು ಬಸ್ಸಿನ ಮೆಟ್ಟಿಲ ಮೇಲೆ ಇಟ್ಟ ಕಾಲು ಒಂದೇ. ಆ ಕಾಲಿನಿಂದ ಹಿಮ್ಮುಖವಾಗಿ ನಡೆದು ಮನಸ್ಸಿಗೆ ಹೋಗಬೇಕು. ಈ ಹಿಮ್ಮುಖ ನಡಿಗೆಗೆ ಅರ್ಥಶಾಸ್ತ್ರಜ್ಞರು ಹೆಚ್ಚಾಗಿ ನೆಚ್ಚುವುದು ಮ್ಯಾಕ್ಸಿಮಮ್ ಲೈಕ್ಲಿಹುಡ್ ಎಂಬ ವಿಧಾನವನ್ನು. ಇದನ್ನು ನನಗೆ ತಿಳಿಸಿ ಹೇಳಲು ಹುಡುಗಿ ನಮ್ಮವ್ವನ ಕವಡಿ ಡಬ್ಬಿ ಇಳಿಸಿದಳು.

ದಾಳಕ್ಕೂ ಕವಡೆಗೂ ಒಂದು ದೊಡ್ಡ ವ್ಯತ್ಯಾಸವಿದೆ, ಆಡುವವರು ಅದನ್ನು ಗಮನಿಸಿರುವುದಿಲ್ಲ. ಚೌಕೋನದ ದಾಳಕ್ಕೆ ಆರು ಮುಖ, ಆರೂ ಸಮ. ಯಾವುದು ಬೀಳುವ ಸಂಭವ ಎಷ್ಟು ಎಂಬುದನ್ನು ಎಸೆಯದೆಯೇ ಹೇಳಬಹುದು. ಕವಡೆ ಒಂದು ಕಡೆ ಉಬ್ಬು, ಒಂದು ಕಡೆ ಹಲ್ಲುಬಾಯಿ. ಬಾಯಿ ಮೇಲಾಗಿ ಬೀಳುವ ಸಂಭವ ಅರ್ಧವೇ ಎಂದು ಯಾವ ದೇವರೂ ಬರೆದುಕೊಟ್ಟಿಲ್ಲ. ಚೌಕಾಬಾರದಲ್ಲಿ ನಾಲ್ಕೂ ಬಾಯಿ ಮೇಲಾದರೆ ಚೌಕಾ, ನಾಲ್ಕೂ ಬೋರಲು ಬಿದ್ದರೆ ಬಾರಾ, ಅಂದರೆ ಎಂಟು. ಎಂಟಕ್ಕೆ ಹೆಚ್ಚು ಮರ್ಯಾದೆ ಕೊಟ್ಟ ಹಿರಿಯರು ಈ ಅಸಮವನ್ನು ಎಲ್ಲೋ ಮೂಗಿನಲ್ಲೇ ಹಿಡಿದಿದ್ದರು ಎಂದು ನನ್ನ ಗುಮಾನಿ. ಹುಡುಗಿ ಒಂದೇ ಕವಡೆಯನ್ನು ಹತ್ತು ಸಲ ಎಸೆದಳು. ಏಳು ಸಲ ಬಾಯಿ ಮೇಲೆ. "ಈಗ ಹೇಳ್ರಿ ಮಾಮಾ, ಈ ಕವಡಿ ಗುಣ ಎಂಥಾದ್ದು?"

ಲೆಕ್ಕ ಹೀಗೆ. ಗುಣ ಅರ್ಧಕ್ಕೆ ಅರ್ಧ ಎಂದಿಟ್ಟುಕೊಂಡರೆ ಹತ್ತಕ್ಕೆ ಏಳು ಬೀಳುವ ಸಂಭವ ಸುಮಾರು ಶೇ. 12. ಹತ್ತಕ್ಕೆ ಒಂಬತ್ತರ ಗುಣ ಎಂದಿಟ್ಟುಕೊಂಡರೆ ಶೇ. 6ರ ಆಸುಪಾಸು. ಹತ್ತಕ್ಕೆ ಏಳರ ಗುಣ ಎಂದರೆ ಶೇ. 27. ಬೇರೆ ಯಾವ ಗುಣ ಹಿಡಿದರೂ ಇದಕ್ಕಿಂತ ಮೇಲೆ ಹೋಗದು. ಆದ್ದರಿಂದ ನಮ್ಮ ಅಂದಾಜು ಏಳು. ಇಷ್ಟಕ್ಕೆ ಕಾಲೇಜು ಬೇಕೇ ಎನ್ನುತ್ತೀರಿ. ನಮ್ಮವ್ವನೂ ಅದನ್ನೇ ಅಂದಳು.

ಕಾಲೇಜು ಬೇಕಾಗುವುದು ಮುಂದಿನ ಮಾತಿಗೆ. ಶೇ. 27 ಎಂಬುದು ಕವಡೆಯ ಗುಣ ಏಳಾಗಿರುವ ಸಂಭವ ಅಲ್ಲ. ಗುಣ ಏಳಾಗಿದ್ದ ಪಕ್ಷದಲ್ಲಿ ನಾವು ಕಂಡದ್ದು ಕಾಣುವ ಸಂಭವ. ಎರಡೂ ಒಂದೇ ಎಂದು ತೋರುತ್ತದೆ, ಅಲ್ಲ. ನಮ್ಮ ಓಣಿಯ ಕಟ್ಟೆಯ ಮೇಲೆ ನಡೆಯುವ ಮಾತುಕತೆಯೆಲ್ಲ ಈ ಎರಡನ್ನು ಕಲಸುವುದರ ಮೇಲೆಯೇ ನಿಂತಿದೆ. ಎದುರು ಮನೆಯ ಹುಡುಗ ಹೊಸ ಬೈಕು ತಂದ. "ಲಾಟರಿ ಹತ್ತಿರಬೇಕು" ಎಂದರು. ಲಾಟರಿ ಹತ್ತಿದ್ದರೆ ಹುಡುಗ ಬೈಕು ತರುವುದು ಖಾತ್ರಿಯೇ. ಆ ಊಹೆಯಡಿ ಬೈಕು ಕಂಡದ್ದರಲ್ಲಿ ಆಶ್ಚರ್ಯವೇ ಇಲ್ಲ. ಹಾಗೆಂದು ಲಾಟರಿ ಹತ್ತಿತೆನ್ನುವುದು ಸಂಭವನೀಯವಾಗಿಬಿಡುವುದಿಲ್ಲ. ಕಂತಿನ ಮೇಲೆ ತಂದಿದ್ದಾನೆ. ಮ್ಯಾಕ್ಸಿಮಮ್ ಲೈಕ್ಲಿಹುಡ್ ನಿಜ ಯಾವುದೆಂದು ಹೇಳುವುದಿಲ್ಲ; ಯಾವ ಊಹೆಯಡಿ ನಡೆದದ್ದು ಅತಿ ಕಡಿಮೆ ಆಶ್ಚರ್ಯದ್ದು ಎಂದಷ್ಟೇ ಹೇಳುತ್ತದೆ. ಅದರ ವಿನಯ ಅಷ್ಟೇ ಇದೆ. ಅದನ್ನು ಓದುವವರಿಗೆ ಇರುವುದಿಲ್ಲ.

ಈ ಭೇದವನ್ನು ಬಿಡದೆ ಸಾರಿದವರು ಸಂಖ್ಯಾಶಾಸ್ತ್ರಜ್ಞ ರೊನಾಲ್ಡ್ ಫಿಶರ್. 1912ರಲ್ಲಿ ಕೇಂಬ್ರಿಜ್‌ನಲ್ಲಿ ಇನ್ನೂ ಕಾಲೇಜು ಹುಡುಗನಾಗಿದ್ದಾಗ ಮೊದಲು ಹೊಳೆದ ಈ ವಿಧಾನಕ್ಕೆ 1922ರ ಹೊತ್ತಿಗೆ ಹೆಸರಿಟ್ಟು, ತೊಲೆ ಕಂಬ ಕೂಡಿಸಿ ಪೂರ್ತಿ ಮಾಡಿದರು. ಅಷ್ಟರಲ್ಲಿ ಅವರು ರೋಥಮ್‌ಸ್ಟೆಡ್ ಕೃಷಿ ಸಂಶೋಧನಾ ಕೇಂದ್ರದಲ್ಲಿದ್ದರು. 1843ರಿಂದ ಗೋಧಿ ಹೊಲಕ್ಕೆ ಯಾವ ಪಟ್ಟೆಗೆ ಯಾವ ಗೊಬ್ಬರ, ಇಳುವರಿ ಎಷ್ಟು ಎಂದು ಬರೆದಿಟ್ಟ ದಫ್ತರಗಳ ರಾಶಿಯನ್ನು ಕೆದಕುವುದು ಅವರ ನೌಕರಿ. ಬೆಳಗಾದರೆ ತಿಪ್ಪೆಗೊಬ್ಬರದ ಲೆಕ್ಕ. ನಮ್ಮ ಕಡೆಯ ಒಕ್ಕಲಿಗರು ಅವರೊಡನೆ ಮಾತಾಡಿದ್ದರೆ ಇಬ್ಬರಿಗೂ ಹೊತ್ತು ಹೋದದ್ದು ತಿಳಿಯುತ್ತಿರಲಿಲ್ಲ.

ನಮ್ಮ ಕಡೆ ಎಂದಾಗ ಒಂದು ಮಾತು ಹೇಳಲೇಬೇಕು. ಇಳಕಲ್ಲಿನಿಂದ ಕುಷ್ಟಗಿ, ಕೊಪ್ಪಳ ದಾಟಿ ತುಂಗಭದ್ರೆಯ ಆಚೆ ಹೋದರೆ ಹೂವಿನ ಹಡಗಲಿ. ನಮ್ಮ ಮನೆಯ ಹೆಂಗಸರಿಗೆ ಹಡಗಲಿ ಎಂದರೆ ಮಲ್ಲಿಗೆ. ಆದರೆ 1920ರ ಸೆಪ್ಟೆಂಬರ್ 10ರಂದು ಆ ಊರಲ್ಲಿ ಸಂಖ್ಯಾಶಾಸ್ತ್ರಜ್ಞ ಕಲ್ಯಂಪೂಡಿ ರಾಧಾಕೃಷ್ಣ ರಾವ್ ಹುಟ್ಟಿದರು. ಆಗ ಅದು ಮದ್ರಾಸ್ ಪ್ರಾಂತದ ಬಳ್ಳಾರಿ ಜಿಲ್ಲೆ, ರಾಯರ ಮನೆಮಾತು ತೆಲುಗು, ತಂದೆ ಪೊಲೀಸ್ ಇಲಾಖೆಯವರಾದ್ದರಿಂದ ಊರು ಬಹಳ ದಿನ ಹಿಡಿದಿಡಲಿಲ್ಲ. ಮುಂದೆ ಕಲಕತ್ತೆಯಲ್ಲಿ ಹುಡುಗರಿಗೆ ಫಿಶರನ ಈ ಪಾಠವನ್ನೇ ಹೇಳುತ್ತಿದ್ದಾಗ ಒಬ್ಬ ವಿದ್ಯಾರ್ಥಿ ಎದ್ದು, ಇದೆಲ್ಲ ದತ್ತಾಂಶ ರಾಶಿ ರಾಶಿ ಇದ್ದಾಗಿನ ಮಾತಾಯಿತು, ಸ್ವಲ್ಪವೇ ಇದ್ದಾಗ ಏನು ಎಂದು ಕೇಳಿದ. ಕೇಳಿದವರು ವಿ. ಎಂ. ದಾಂಡೇಕರ್, ಮುಂದೆ ಪುಣೆಯ ಗೋಖಲೆ ಸಂಸ್ಥೆಯಲ್ಲಿದ್ದು, 1971ರಲ್ಲಿ ನೀಲಕಂಠ ರಥ್ ಅವರೊಡನೆ ಭಾರತದ ಬಡತನದ ಲೆಕ್ಕ ಹಾಕಿ ದೇಶವನ್ನೇ ಚರ್ಚೆಗೆ ಎಳೆದವರು. ನನ್ನ ತರಗತಿಯಲ್ಲಿ ಇಂಥ ಪ್ರಶ್ನೆ ಎದ್ದರೆ "ಕುಂದ್ರಲೇ, ಇದು ಪರೀಕ್ಷೆಗೆ ಬರಂಗಿಲ್ಲ" ಎನ್ನುವುದು ವಾಡಿಕೆ. ರಾಯರು ರಾತ್ರಿ ಕೂತು ಉತ್ತರ ಕಂಡುಹಿಡಿದು ಮರುದಿನ ತರಗತಿಗೆ ತಂದರು. 1945ರಲ್ಲಿ ಅದು ಅಚ್ಚಾಯಿತು. ಯಾವ ಕಡೆಗೂ ವಾಲದ ಅಂದಾಜನ್ನು ನೀವು ಎಷ್ಟೇ ಜಾಣತನದಿಂದ ಮಾಡಿ, ಇಷ್ಟು ದತ್ತಾಂಶದಿಂದ ಇದಕ್ಕಿಂತ ಹೆಚ್ಚು ನಿಖರವಾಗಲು ಸಾಧ್ಯವಿಲ್ಲ ಎಂದು ಗೆರೆ ಎಳೆದ ಸೂತ್ರ. ಸ್ವೀಡನ್ನಿನ ಹರಾಲ್ಡ್ ಕ್ರಾಮೆರ್ ಕೂಡ ತಾವಾಗಿಯೇ ಅಲ್ಲಿಗೆ ಬಂದಿದ್ದರಿಂದ ಇಬ್ಬರ ಹೆಸರೂ ಅದಕ್ಕಿದೆ. ಲೈಕ್ಲಿಹುಡ್ ವಿಧಾನದ ಪ್ರತಿಷ್ಠೆಯೆಲ್ಲ ಇರುವುದು ಇಲ್ಲಿ: ದತ್ತಾಂಶ ಬೆಳೆಯುತ್ತ ಹೋದಂತೆ ಅದು ಆ ಗೆರೆಯನ್ನೇ ಮುಟ್ಟುತ್ತದೆ. ರಾಯರಿಗೆ ಅಂತಾರಾಷ್ಟ್ರೀಯ ಸಂಖ್ಯಾಶಾಸ್ತ್ರ ಪ್ರಶಸ್ತಿ ಬಂದದ್ದು 2023ರಲ್ಲಿ, 102ನೇ ವಯಸ್ಸಿಗೆ. ಅದೇ ವರ್ಷ ತೀರಿಕೊಂಡರು. ನಿವೃತ್ತಿ ವೇತನದ ಬಾಕಿ ಮೂರು ವರ್ಷ ತಡವಾದದ್ದಕ್ಕೆ ನಾನು ಮಾಡಿದ ರಂಪ ನೆನೆದರೆ ಈಗ ಸಂಕೋಚವಾಗುತ್ತದೆ.

ಬಸ್ ಸ್ಟ್ಯಾಂಡಿಗೆ ಬರೋಣ. ಒಂದೊಂದು ಊಹೆಯಡಿ ಒಬ್ಬೊಬ್ಬ ಪ್ರಯಾಣಿಕ ಮಾಡಿದ್ದನ್ನೇ ಮಾಡುವ ಸಂಭವ ಎಷ್ಟೆಂದು ಲೆಕ್ಕ ಹಾಕಿ ಎಲ್ಲವನ್ನೂ ಗುಣಿಸಬೇಕು. ಎರಡು ಸಾವಿರ ಜನ, ಒಬ್ಬೊಬ್ಬನದು ಅರ್ಧ ಎಂದರೂ ಗುಣಲಬ್ಧದಲ್ಲಿ ದಶಮಾಂಶ ಬಿಂದುವಿನ ಮುಂದೆ ಆರುನೂರಕ್ಕೂ ಹೆಚ್ಚು ಸೊನ್ನೆ. ಕಂಪ್ಯೂಟರ್ ಅಷ್ಟು ಸೊನ್ನೆ ನೋಡಿ ಸುಮ್ಮನೆ ಸೊನ್ನೆ ಎಂದೇ ಬರೆದುಬಿಡುತ್ತದೆ. ಅದಕ್ಕೆ ಲಾಗ್ ತೆಗೆಯುತ್ತಾರೆ. ಗುಣಾಕಾರ ಹೋಗಿ ಕೂಡಿಸುವುದಾಗುತ್ತದೆ. ಇದನ್ನು ಕೇಳಿ ನನಗಾದ ಸಂತೋಷವನ್ನು ಹೇಗೆ ಹೇಳಲಿ? ವರ್ಷವರ್ಷವೂ ಲಾಗ್ ಟೇಬಲ್ ಪುಸ್ತಕ ಹಿಡಿದು ಮಕ್ಕಳ ಪ್ರಾಣ ಹಿಂಡಿದ್ದೆ. "ಇದು ಯಾತಕ್ರಿ ಸರ?" ಎಂದು ಕೇಳಿದವರಿಗೆ ಕೊಡಲು ಉತ್ತರವಿರಲಿಲ್ಲ. ಈಗ ಸಿಕ್ಕಿದೆ, ಕೇಳಿದವರೆಲ್ಲ ಮೊಮ್ಮಕ್ಕಳನ್ನು ಎತ್ತಿಕೊಂಡು ತಿರುಗುತ್ತಿದ್ದಾರೆ.

ಆದರೆ ಈ ಲಾಗ್ ನನಗೇ ತಿರುಗಿ ಕಚ್ಚಿತು. ಯಾರ ನಡತೆಗೆ ಸೂತ್ರ ಶೇ. 70 ಸಂಭವ ಕೊಟ್ಟಿತ್ತೋ ಅವರಿಂದ ಮೊತ್ತಕ್ಕೆ ಆಗುವ ನಷ್ಟ 0.36. ಶೇ. 60 ಇದ್ದವರಿಂದ 0.51. ಒಬ್ಬ ಮನುಷ್ಯನಿಗೆ ಮಾತ್ರ ಸೂತ್ರ ಬರೀ ಶೇ. 2 ಕೊಟ್ಟಿತ್ತು; ಅವನೊಬ್ಬನಿಂದಲೇ 3.91 ನಷ್ಟ. ಹುಡುಗಿ ಆ ಸಾಲಿನ ಮೇಲೆ ಬೆರಳಿಟ್ಟು ನನ್ನನ್ನು ನೋಡಿದಳು. ಚೀಲವಿಲ್ಲ, ಪೆನ್ಷನ್ ಇದೆ, ಬಾಗಲಕೋಟೆಯಲ್ಲಿ ಮದುವೆಗೆ ಹೊತ್ತಾಗಿದೆ, ಎದುರಿಗೆ ಮೂರು ಟಂಟಂ, ಒಂದು ಕ್ರೂಸರ್ ಬಾಗಿಲು ತೆರೆದು ನಿಂತಿವೆ. ಈತ ಮುಕ್ಕಾಲು ತಾಸು ಕಾದು ಕೆಂಪು ಬಸ್ಸು ಹತ್ತಿದ್ದಾನೆ. "ಯಾಕ ಮಾಮಾ?"

ಕಾರಣ ಅಮೀನಗಡ. ಟಂಟಂ ಅಮೀನಗಡದಲ್ಲಿ ಜನ ಇಳಿಸಿ ತುಂಬಿಕೊಂಡು ಓಡುತ್ತದೆ. ಬಸ್ಸು ಅಲ್ಲಿ ಒಂದಿಷ್ಟು ಹೊತ್ತು ನಿಲ್ಲುತ್ತದೆ, ಇಳಿದು ಕರದಂಟು ಕೊಂಡು ಹತ್ತಬಹುದು. ನನಗೆ ಸಕ್ಕರೆ ಕಾಯಿಲೆ, ಮನೆಯಲ್ಲಿ ಹೇಳುವಂತಿಲ್ಲ. ಅಂಟು ಕಟುಂ ಎಂದು ಹಲ್ಲಿಗೆ ಸಿಗುವಾಗ ಕಿಟಕಿಯ ಕಡೆ ಮುಖ ಮಾಡಿ ಕೂತರೆ ಯಾರಿಗೂ ತಿಳಿಯದು. ಇದನ್ನು ಯಾವ ಪ್ರಶ್ನಾವಳಿಗೆ ತುಂಬಲಿ? ಅರ್ಥಶಾಸ್ತ್ರದಲ್ಲಿ ಇದಕ್ಕೆ ಪದವುಂಟು: ಕಾಣದ ಅಂಶ. ಎಲ್ಲರ ಮನಸ್ಸಿನಲ್ಲೂ ಒಂದೊಂದು ಕರದಂಟು ಇರುತ್ತದೆಂದು ಅವರು ಮೊದಲೇ ಒಪ್ಪಿಕೊಂಡುಬಿಟ್ಟಿದ್ದಾರೆ. ಅಕ್ಕನದು ಇನ್ನೊಂದು ಬಗೆ. ಹಳೆ ಬಾಗಲಕೋಟೆಯ ಮನೆ ಆಲಮಟ್ಟಿಯ ಹಿನ್ನೀರಿಗೆ ಹೋಗಿ ನವನಗರದ ಒಂದು ಸೆಕ್ಟರಿಗೆ ಬಂದು ಎಷ್ಟೋ ವರ್ಷವಾಯಿತು. ಮನೆ ಪಕ್ಕದಲ್ಲೇ ಅಂಗಡಿ ಇದ್ದರೂ ಅರಿಷಿಣ ಕುಂಕುಮಕ್ಕೆ ಹಳೆ ಪೇಟೆಗೇ ಹೋಗುತ್ತಾಳೆ. ದೂರ, ದರ, ಸಮಯ ಯಾವುದರಿಂದಲೂ ಆಕೆಯನ್ನು ವಿವರಿಸಲು ಬರುವುದಿಲ್ಲ.

ಡೇನಿಯಲ್ ಮ್ಯಾಕ್‌ಫ್ಯಾಡನ್ ಎಂಬ ಅರ್ಥಶಾಸ್ತ್ರಜ್ಞ ಈ ಕಾಣದ್ದಕ್ಕೆ ಒಂದು ಗಣಿತದ ಆಕಾರ ಕೊಟ್ಟು, ಅದರಿಂದ ಬಲು ಚೊಕ್ಕವಾದ ಸೂತ್ರ ತೆಗೆದರು. ಲಾಜಿಟ್ ಎಂದು ಅದರ ಹೆಸರು. 1970ರ ದಶಕದ ಆರಂಭದಲ್ಲಿ ಸ್ಯಾನ್ ಫ್ರಾನ್ಸಿಸ್ಕೊ ಕಡೆ ಬಾರ್ಟ್ ಎಂಬ ಹೊಸ ರೈಲು ಬರುವುದಿತ್ತು. ಕೆಲಸಕ್ಕೆ ಹೋಗುವವರಲ್ಲಿ ಶೇ. 15 ಜನ ಹತ್ತುತ್ತಾರೆಂದು ಸರ್ಕಾರಿ ಅಂದಾಜು. ಮ್ಯಾಕ್‌ಫ್ಯಾಡನ್ ಜನರ ಹಳೆಯ ಓಡಾಟ ನೋಡಿ ಶೇ. 6.3 ಎಂದರು. ರೈಲು ಓಡಿತು. ಹತ್ತಿದವರು ಶೇ. 6.2. 2000ದಲ್ಲಿ ಅವರಿಗೂ ಜೇಮ್ಸ್ ಹೆಕ್ಮನ್ ಅವರಿಗೂ ನೊಬೆಲ್ ಬಂತು. ಇಷ್ಟು ಹತ್ತಿರ ಬಂದದ್ದರಲ್ಲಿ ಕೊಂಚ ಅದೃಷ್ಟವೂ ಇತ್ತೆಂದು ನನಗನ್ನಿಸುತ್ತದೆ. ನಮ್ಮ ಹುಡುಗಿ ಒಪ್ಪುವುದಿಲ್ಲ.

ಈ ಚೊಕ್ಕ ಸೂತ್ರಕ್ಕೆ ಒಂದು ಕಲೆಯಿದೆ. ಅದು ಪಠ್ಯಪುಸ್ತಕಗಳಲ್ಲಿ ಪ್ರಸಿದ್ಧ, ಮತ್ತು ಅದರ ಉದಾಹರಣೆ ನೋಡಿ ನನಗೆ ನಮ್ಮೂರವರೇ ಯಾರೋ ಬರೆದಿರಬೇಕೆನಿಸಿತು: ಕೆಂಪು ಬಸ್ಸು, ನೀಲಿ ಬಸ್ಸು. ಅವರಲ್ಲಿ ಕಾರಿನ ಎದುರು ಬಸ್ಸು. ನಾವು ಟಂಟಂ ಇಟ್ಟುಕೊಳ್ಳೋಣ. ಸ್ಟ್ಯಾಂಡಿನಲ್ಲಿ ಅರ್ಧ ಜನ ಟಂಟಂಗೆ, ಅರ್ಧ ಕೆಂಪು ಬಸ್ಸಿಗೆ. ಒಂದು ರಾತ್ರಿ ಯಾರೋ ಅರ್ಧ ಬಸ್ಸುಗಳಿಗೆ ನೀಲಿ ಬಣ್ಣ ಬಳಿದರು. ಸೀಟು ಅದೇ, ದರ ಅದೇ, ಹೊತ್ತು ಅದೇ, ಕಂಡಕ್ಟರನ "ಒಳಗ ಸರೀರಿ"ಯೂ ಅದೇ. ಬೆಳಗ್ಗೆ ಏನಾಗಬೇಕು? ಟಂಟಂನವರು ಟಂಟಂನಲ್ಲೇ ಹೋಗಬೇಕು, ಬಸ್ಸಿನವರು ಎರಡು ಬಣ್ಣಗಳಿಗೆ ಹಂಚಿಹೋಗಬೇಕು. ಲಾಜಿಟ್ ಹಾಗೆನ್ನುವುದಿಲ್ಲ. ಮೂರಕ್ಕೂ ಒಂದೊಂದು ಪಾಲು ಎಂದುಬಿಡುತ್ತದೆ. ಬಣ್ಣದ ಡಬ್ಬಿಯೊಂದು ಟಂಟಂನವನ ಮೂರನೇ ಒಂದು ಭಾಗ ಗಿರಾಕಿಗಳನ್ನು ನುಂಗಿತು! ತಪ್ಪು ಎಲ್ಲಿ ಅಡಗಿದೆ ಎಂದರೆ, ಕೆಂಪು ಬಸ್ಸಿನ ಬಗ್ಗೆ ನಮಗಿರುವ ಕಾಣದ ಒಲವಿಗೂ ನೀಲಿ ಬಸ್ಸಿನ ಬಗ್ಗೆ ಇರುವ ಕಾಣದ ಒಲವಿಗೂ ಸಂಬಂಧವೇ ಇಲ್ಲ ಎಂದು ಸೂತ್ರ ತಿಳಿದಿದೆ. ನನಗೆ ಎರಡರಲ್ಲೂ ಒಂದೇ ಕರದಂಟು.

ಹಾಗಾದರೆ ಕಾಣದ ಒಲವುಗಳು ಒಂದಕ್ಕೊಂದು ತಳುಕು ಹಾಕಿಕೊಳ್ಳಲಿ, ಒಬ್ಬರಿಂದ ಒಬ್ಬರಿಗೆ ರುಚಿ ಬೇರೆಯಾಗಲಿ ಎಂದು ಬಿಡಬೇಕು. ಬಿಟ್ಟ ಕ್ಷಣವೇ ಚೊಕ್ಕ ಸೂತ್ರ ಮಾಯವಾಗಿ ಅನುಕಲನದ ಮೇಲೆ ಅನುಕಲನ, ಅದರ ಮೇಲೊಂದು ಅನುಕಲನ ಬಂದು ನಿಲ್ಲುತ್ತದೆ. ಕೈಯಲ್ಲಿ ಬಿಡಿಸಲು ಬರುವುದಲ್ಲ. ಇಲ್ಲಿಗೆ ಬರುತ್ತದೆ ಇಸ್ಪೀಟು. 1946ರಲ್ಲಿ ಸ್ಟಾನಿಸ್ಲಾವ್ ಉಲಾಮ್ ಎಂಬ ಗಣಿತಜ್ಞ ಕಾಯಿಲೆಯಿಂದ ಎದ್ದು ವಿಶ್ರಾಂತಿಯಲ್ಲಿದ್ದಾಗ ಒಬ್ಬನೇ ಕೂತು ಇಸ್ಪೀಟು ಹರಡಿ ಆಡುತ್ತಿದ್ದ. ಆಟ ಸರಿಯಾಗಿ ಮುಗಿಯುವ ಸಂಭವ ಎಷ್ಟೆಂದು ಲೆಕ್ಕ ಹಾಕಹೋಗಿ ತಲೆ ಕೆಟ್ಟು, ಇಷ್ಟೆಲ್ಲ ಏಕೆ, ನೂರು ಸಲ ಆಡಿ ಎಷ್ಟು ಸಲ ಮುಗಿಯಿತೆಂದು ಎಣಿಸಿದರಾಯಿತಲ್ಲ ಎಂದುಕೊಂಡ. ಅದೇ ಮಾಂಟೆ ಕಾರ್ಲೋ ವಿಧಾನವಾಯಿತು. ಸಾಲ ಮಾಡಿಯಾದರೂ ಮಾಂಟೆ ಕಾರ್ಲೋ ಎಂಬ ಊರಿಗೆ ಜೂಜಾಡಲು ಹೋಗುತ್ತಿದ್ದ ಉಲಾಮನ ಚಿಕ್ಕಪ್ಪನೊಬ್ಬನ ನೆನಪಿಗೆ ಆ ಹೆಸರು. ಪಂಚಮಿಗೆ ಎಲೆ ಹಾಕಲು ಕೂತ ನಮ್ಮ ಗೆಳೆಯರಿಗೆ ಇದನ್ನು ಹೇಳಿದೆ. ಅವರು ಮನೆಯಲ್ಲಿ ಹೇಳಿದರು. ಪರಿಣಾಮ ಚೆನ್ನಾಗಿರಲಿಲ್ಲ.

ಬಸ್ ಸ್ಟ್ಯಾಂಡಿಗೆ ಇದನ್ನು ಹೊಂದಿಸುವುದು ಹೀಗೆ. ಪ್ಯಾಡಿನ ಮೇಲಿರುವ ಒಬ್ಬ ನಿಜವಾದ ಪ್ರಯಾಣಿಕನಿಗೆ ಕಂಪ್ಯೂಟರಿನೊಳಗೆ ನೂರು ಸುಳ್ಳು ಪ್ರತಿಗಳನ್ನು ಹುಟ್ಟಿಸುತ್ತಾರೆ. ವಯಸ್ಸು, ಚೀಲ, ಊರು ಎಲ್ಲ ಒಂದೇ, ಒಳಗಿನ ರುಚಿ ಮಾತ್ರ ಬೇರೆ ಬೇರೆ. ಒಬ್ಬನಿಗೆ ಅವಸರ, ಒಬ್ಬನಿಗೆ ಟಂಟಂನಲ್ಲಿ ಕೂತರೆ ವಾಂತಿ, ಒಬ್ಬನಿಗೆ ಕರದಂಟು. ನೂರರಲ್ಲಿ ಎಷ್ಟು ಜನ ಬಸ್ಸು ಹತ್ತಿದರು ಎಂದು ಎಣಿಸಿದರೆ ಅದೇ ಸಂಭವ. ನಮ್ಮವ್ವ ರೊಟ್ಟಿ ಬಡಿಯುವುದನ್ನು ನಿಲ್ಲಿಸಿ, "ಇದ್ದ ಮಂದಿ ಸಾಲದಂತ ಇಲ್ಲದ ಮಂದೀನೂ ಬಸ್ಸಿಗೆ ಹತ್ತಸ್ತೀರೇನು? ಕುಂದ್ರಾಕ ಎಲ್ಲೈತಿ ಜಾಗಾ?" ಎಂದಳು.

ಆರಂಭದಲ್ಲಿ ಅರ್ಥಶಾಸ್ತ್ರಜ್ಞರಿಗೂ ಜಾಗದ್ದೇ ತೊಂದರೆಯಾಗಿತ್ತು. 1981ರಲ್ಲಿ ಲರ್ಮನ್ ಮತ್ತು ಮ್ಯಾನ್ಸ್ಕಿ ಇದನ್ನು ಮಾಡಲು ಹೋಗಿ, ಲೆಕ್ಕ ನಿಲ್ಲಬೇಕಾದರೆ ಒಬ್ಬೊಬ್ಬರಿಗೆ ವಿಪರೀತ ಪ್ರತಿಗಳು ಬೇಕು ಎಂದು ಕಂಡರು. ಲಾಗ್‌ನ ಬಾಗೇ ಇದಕ್ಕೆ ಮೂಲ. ನಿಜವಾದ ಸಂಭವ 0.5 ಎನ್ನಿ, ಎಣಿಕೆ ಒಮ್ಮೆ 0.4, ಒಮ್ಮೆ 0.6 ತೋರಿಸಿದರೆ ಸರಾಸರಿ ಸರಿಯೇ. ಲಾಗ್ ತೆಗೆದು ಸರಾಸರಿ ಮಾಡಿದರೆ ಮಾತ್ರ 0.69ರ ಬದಲು 0.71ರ ನಷ್ಟ. ಚೂರು ಚೂರೇ ಸೇರಿ ಸಾವಿರ ಜನಕ್ಕೆ ದೊಡ್ಡದಾಗುತ್ತದೆ. 1989ರಲ್ಲಿ ಮ್ಯಾಕ್‌ಫ್ಯಾಡನ್ ಒಂದು ಕಡೆ, ಪೇಕ್ಸ್ ಮತ್ತು ಪೊಲಾರ್ಡ್ ಇನ್ನೊಂದು ಕಡೆ ಇದರಿಂದ ಪಾರಾಗುವ ದಾರಿ ತೋರಿಸಿದರು: ಲಾಗ್‌ನ ಗೊಡವೆಗೆ ಹೋಗದೆ, ಸುಳ್ಳು ಜನ ಹತ್ತಿದ ಪಾಲನ್ನು ನಿಜ ಜನ ಹತ್ತಿದ್ದರ ಎದುರು ನೇರವಾಗಿ ಇಟ್ಟು ಹೊಂದಿಸಿ. ಆಗ ಒಬ್ಬನಿಗೆ ಮಾಡಿದ ತಪ್ಪು ಹೆಚ್ಚಿದರೆ ಇನ್ನೊಬ್ಬನದು ತಗ್ಗಿ, ಸಾವಿರ ಜನರಲ್ಲಿ ಎಲ್ಲ ಸರಿಹೋಗುತ್ತದೆ. ಈಗ ಕಂಪ್ಯೂಟರ್ ಅಗ್ಗವಾಗಿ ಎರಡೂ ದಾರಿಯಲ್ಲಿ ಜನ ಓಡಾಡುತ್ತಾರೆ. ಇದರ ಮೇಲೆ ಎಲ್ಲರೂ ಓದುವ ಪುಸ್ತಕ ಬರೆದವರು ಬರ್ಕ್‌ಲಿಯ ಕೆನೆತ್ ಟ್ರೇನ್. ಬಸ್ಸಿನ ಲೆಕ್ಕಕ್ಕೆ ಟ್ರೇನ್ ಸಾಹೇಬರು, ಇರಲಿ.

ರುಚಿ ಬೇರೆ ಬೇರೆ ಎಂಬುದನ್ನು ಒಪ್ಪದೆ ಸರಾಸರಿಯನ್ನೇ ನಂಬಿದರೆ ಏನಾಗುತ್ತದೆಂದು ಇಳಕಲ್ಲಿನ ಯಾವುದಾದರೂ ಸೀರೆ ಅಂಗಡಿಯ ಜಮಖಾನದ ಮೇಲೆ ಒಂದು ತಾಸು ಕೂತವರಿಗೆ ಗೊತ್ತು. ನನ್ನ ಹೆಂಡತಿಗೆ ಅಂಚು ಗೋಮಿಯೇ ಆಗಬೇಕು. ಅಕ್ಕನಿಗೆ ಚಿಕ್ಕಿ ಪರಾಸು. ಸೆರಗಿನ ತೆನೆ ದೊಡ್ಡದಿರಬೇಕೆನ್ನುವವರು, ಸಣ್ಣದಿರಬೇಕೆನ್ನುವವರು. ಅಲ್ಲಿ ಒಂದೊಂದು ಸೀರೆಗೂ ಮೈಯ ಹತ್ತಿಯ ಹಾಸಿಗೆ ಸೆರಗಿನ ರೇಷ್ಮೆಯ ಹಾಸನ್ನು ಕೊಂಡಿ ಹಾಕಿ ಎಳೆ ಎಳೆಯಾಗಿ ಜೋಡಿಸಬೇಕು. ಅಷ್ಟು ಕಷ್ಟಪಟ್ಟ ನೇಕಾರ ಸರಾಸರಿ ರುಚಿಗೆಂದು ಅರ್ಧ ಗೋಮಿ ಅರ್ಧ ಪರಾಸು ನೇಯ್ದಿಟ್ಟರೆ ಆ ಸೀರೆಯನ್ನು ಇಬ್ಬರೂ ಮುಟ್ಟುವುದಿಲ್ಲ. ಸರಾಸರಿ ಹೆಂಗಸು ಎಂಬುವಳು ಇಳಕಲ್ಲಿಗೆ ಇನ್ನೂ ಬಂದಿಲ್ಲ.

ಊಹೆಗಳಲ್ಲಿ ಎಲ್ಲಕ್ಕಿಂತ ಒಳ್ಳೆಯದನ್ನು ಕಂಪ್ಯೂಟರ್ ಹುಡುಕುವ ಬಗೆ ಇನ್ನೂ ತಮಾಷೆಯದು. ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ಬಾದಾಮಿಯ ಬಡಗಣ ಗುಡ್ಡ ಹತ್ತಿದಂತೆ ಅದು. ಅಂಗಾಲಿಗೆ ಏರು ಯಾವ ಕಡೆ ಸಿಕ್ಕಿತೋ ಆ ಕಡೆ ಒಂದು ಹೆಜ್ಜೆ. ಏರು ಮುಗಿಯಿತೆನಿಸಿದರೆ ಅದೇ ತುದಿ ಎಂದು ನಿಲ್ಲುವುದು. ಬಾದಾಮಿ ಬಲ್ಲವರಿಗೆ ಇದರ ಮೋಸ ಗೊತ್ತಾಗುತ್ತದೆ: ಕೆಳಗಿನ ಶಿವಾಲಯದ ಹಾಸುಬಂಡೆಯ ಮೇಲೆ ನಿಂತು ಹತ್ತಿದೆನೆಂದು ಬೀಗುವವರಿಗೆ ಮೇಲಿನ ಶಿವಾಲಯ ಇನ್ನೂ ಬಾಕಿ. ಅದಕ್ಕೆ ಬೇರೆ ಬೇರೆ ಕಡೆಯಿಂದ ಹತ್ತಿ ನೋಡಬೇಕು. ಸುಳ್ಳು ಜನರನ್ನು ಹುಟ್ಟಿಸುವ ಸಿಮ್ಯುಲೇಶನ್ ಸೇರಿದಾಗ ಇನ್ನೊಂದು ಎಚ್ಚರ ಬೇಕು. ಪ್ರತಿ ಹೆಜ್ಜೆಗೂ ಹೊಸದಾಗಿ ಸುಳ್ಳು ಜನರನ್ನು ಹುಟ್ಟಿಸಿದರೆ ಕಾಲ ಕೆಳಗಿನ ಗುಡ್ಡವೇ ಅಲುಗಾಡುತ್ತಿರುತ್ತದೆ. ಒಮ್ಮೆ ಹುಟ್ಟಿಸಿದವರನ್ನೇ ಕೊನೆಯವರೆಗೂ ಇಟ್ಟುಕೊಳ್ಳಬೇಕು. ನಮ್ಮ ಹುಡುಗಿಯ ಲ್ಯಾಪ್‌ಟಾಪು ಒಂದು ಇಡೀ ರಾತ್ರಿ ಹೀಗೆ ತಡವರಿಸಿ, ಸಾಲು ಸಾಲಾಗಿ "ನಾಟ್ ಕಾನ್ಕೇವ್, ನಾಟ್ ಕಾನ್ಕೇವ್" ಎಂದು ಬರೆಯುತ್ತಿತ್ತು. ಬಯಲಿಗೆ ಬಿದ್ದಿದ್ದೇನೆ, ಏರು ಯಾವ ಕಡೆ ಎಂದು ತಿಳಿಯುತ್ತಿಲ್ಲ ಎಂದು ಅದರ ಗೋಳು. ಅಷ್ಟರಲ್ಲಿ ಕರೆಂಟು ಹೋಯಿತು.

ಸುಳ್ಳು ಜನರನ್ನು ಹುಟ್ಟಿಸಲು ಅಡ್ಡಾದಿಡ್ಡಿ ಅಂಕಿಗಳು ಬೇಕು. 1955ರಲ್ಲಿ ಅಮೆರಿಕದ ರ‍್ಯಾಂಡ್ ಸಂಸ್ಥೆ ಹತ್ತು ಲಕ್ಷ ಅಂಕಿಗಳನ್ನು ಯಾವ ಕ್ರಮವೂ ಇಲ್ಲದೆ ಅಚ್ಚು ಹಾಕಿ ಪುಸ್ತಕವಾಗಿ ತಂದಿತ್ತು. ಅಂಥ ಅಂಕಿಯ ಮೇಲೆ ನಮ್ಮ ರೈತರಿಗೆ ಎಂದೂ ವಿಶ್ವಾಸವಿಲ್ಲ. ಬೆಳೆ ಕಟಾವು ಪ್ರಯೋಗಕ್ಕೆ ಬಂದವರು ಅಂಕಿಯ ಪ್ರಕಾರ ಅಳೆದು, ಹೊಲದಲ್ಲಿ ಒಂದು ಕಡೆ ಐದು ಮೀಟರ್ ಉದ್ದ ಐದು ಮೀಟರ್ ಅಗಲ ಹಗ್ಗ ಕಟ್ಟುತ್ತಾರೆ. ಅಂಥ ಕೆಲವೇ ಚೌಕಗಳೊಳಗಿನ ಜೋಳದ ಮೇಲೆ ಇಡೀ ಪಂಚಾಯಿತಿಯ ವಿಮೆ ನಿಂತಿರುತ್ತದೆ. "ಸರ, ಬರಗಾಲ ಅನ್ನೂದು ಹೊಲಕ್ಕೆಲ್ಲಾ ಬಂದೈತ್ರಿ, ನಿಮ್ಮ ನಂಬರಾ ಹೋಗಿ ಭಾವಿ ಮಗ್ಗಲಕ್ಕ ಬಿದ್ದೈತಿ" ಎಂದು ನಮ್ಮ ದಾಯಾದಿಯೊಬ್ಬ ವಾದಿಸಿದ್ದು ನನ್ನೆದುರಿಗೇ.

2023ರ ಜೂನ್ 11ರಿಂದ ಈ ಎಲ್ಲ ಲೆಕ್ಕಕ್ಕೆ ಹೊಸ ತಿರುವು ಬಂದಿದೆ. ಶಕ್ತಿ ಯೋಜನೆ. ಹೆಂಗಸರಿಗೆ ಕೆಂಪು ಬಸ್ಸು ಪುಕ್ಕಟೆ. ಆಧಾರ್ ತೋರಿಸಿದರೆ ಕಂಡಕ್ಟರು ಸೊನ್ನೆ ರೂಪಾಯಿಯ ಟಿಕೆಟ್ ಹರಿದು ಕೊಡುತ್ತಾನೆ. ಬಸ್ಸಿನ ದರ ಕೊಂಚ ಏರಿದಾಗ ಇಳಿದಾಗ ಜನ ಏನು ಮಾಡಿದರೆಂದು ನೋಡಿ ಕಟ್ಟಿದ ಸೂತ್ರ, ದರವೇ ಮಾಯವಾದಾಗ ಏನು ಹೇಳೀತು? ಅದು ಕಂಡಿರದ ಊರು. ಸ್ಟ್ಯಾಂಡಿನಲ್ಲಿ ನಾನು ಕಂಡದ್ದು ಇದು: ಗಂಡ ಹೆಂಡತಿ ಒಟ್ಟಿಗೆ ಬರುತ್ತಾರೆ. ಗಂಡನಿಗೆ ಟಂಟಂ ಅವಸರ, ಹೆಂಡತಿಗೆ ಬಸ್ಸಿನ ಸೊನ್ನೆ ಟಿಕೆಟ್ಟು. ಐದು ನಿಮಿಷ ಸಣ್ಣ ದನಿಯ ಜಗಳ. ಕೊನೆಗೆ ಅವನು ಟಂಟಂಗೆ, ಅವಳು ಬಸ್ಸಿಗೆ, "ಇಳಕಲ್ಲದಾಗ ಸಿಗತೀನಿ" ಎಂದು ಕೈ ಮಾಡಿ ಹೋಗುತ್ತಾರೆ. ಮದುವೆಯಾದ ಮೇಲೆ ಆ ಹೆಣ್ಣುಮಗಳು ಕಿಟಕಿ ಪಕ್ಕದ ಸೀಟಿನಲ್ಲಿ ಒಬ್ಬಳೇ ಕೂತದ್ದು ಅದೇ ಮೊದಲಿರಬೇಕು. ಪ್ಯಾಡಿನಲ್ಲಿ ಅದಕ್ಕೆ ಕಾಲಂ ಇರಲಿಲ್ಲ.

ಇನ್ನೊಂದು ಎಡವಟ್ಟು ಬನಶಂಕರಿ ಜಾತ್ರೆಯ ಹೊತ್ತಿಗೆ ಹೊರಬಿತ್ತು. ಬಾದಾಮಿಯ ಕಡೆ ಹೋಗುವ ಪ್ರತಿ ಬಸ್ಸೂ ಗಚ್ಚು. ನಾನು ನಿಷ್ಠೆಯಿಂದ ಎಂಟು ಸಾಲು ಬರೆದಿದ್ದೆ: ಹೆಂಗಸು, ಚೀಲ ಇದೆ, ಬಾದಾಮಿ, ಟಂಟಂ ಬಿಟ್ಟರು, ಬಸ್ಸು ಹತ್ತಿದರು. ಎಂಟೂ ಒಂದೇ ತರಹ. ಹುಡುಗಿ ಅದನ್ನು ದಿಟ್ಟಿಸಿ, "ಮಾಮಾ, ಇವರು ಕೂಡಿ ಬಂದೋರೇನು?" ಎಂದಳು. ಕೂಡಿಯೇ ಬಂದಿದ್ದರು, ಒಂದೇ ಓಣಿಯವರು. ಹಿರಿಯಳೊಬ್ಬಳು "ಬಸ್ಸಿಗೇ ಹೋಗೂಣು" ಎಂದಳು, ಉಳಿದ ಏಳು ಜನ ಹಿಂದೆ ಹೋದರು. ನಿರ್ಧಾರ ಒಂದು, ಸಾಲು ಎಂಟು. ಲೈಕ್ಲಿಹುಡ್ ಎಂಬ ಗುಣಾಕಾರದ ಅಡಿಪಾಯವೇ ಪ್ರತಿಯೊಬ್ಬರೂ ತಮ್ಮಷ್ಟಕ್ಕೆ ನಿರ್ಧರಿಸಿದ್ದಾರೆ ಎಂಬುದು. ಒಬ್ಬಳ ಮಾತನ್ನು ಎಂಟು ಸಲ ಗುಣಿಸಿದರೆ ಕಂಪ್ಯೂಟರ್ ತನಗೆ ಎಂಟು ಸಾಕ್ಷಿ ಸಿಕ್ಕವೆಂದು ಎದೆಯುಬ್ಬಿಸುತ್ತದೆ; ಅಂದಾಜು ಹೆಚ್ಚೇನೂ ಕೆಡದೆ ಇರಬಹುದು, ಅದರ ಧೈರ್ಯ ಮಾತ್ರ ಎಲ್ಲೆ ಮೀರುತ್ತದೆ. ನಮ್ಮ ಕಡೆ ಒಬ್ಬಂಟಿಯಾಗಿ ಯೋಚಿಸಿ ಬಸ್ಸು ಹತ್ತುವವರು ಎಷ್ಟು ಜನ? ಜಾತ್ರೆ, ಮದುವೆ, ಸೀಮಂತ, ಮಣ್ಣು, ಎಲ್ಲಕ್ಕೂ ಗುಂಪೇ. ಅಮೆರಿಕದಲ್ಲಿ ಕಚೇರಿಗೆ ಹೋಗುವವರನ್ನು ನೋಡಿ ಹೊಲಿದ ಅಂಗಿ ಹುನಗುಂದಕ್ಕೆ ಭುಜದಲ್ಲಿ ಬಿಗಿಯಾಗುವುದು ಇಲ್ಲೇ ಎಂದು ನನ್ನ ತೀರ್ಮಾನ. ಹುಡುಗಿ ಗುಂಪುಗಳನ್ನು ಕಟ್ಟಿ ಲೆಕ್ಕ ತಿದ್ದುವ ಉಪಾಯವೂ ಇದೆ ಎಂದಳು. ಕಟ್ಟಬೇಕಾದರೆ ಯಾರು ಯಾರ ಗುಂಪು ಎಂದು ಮೊದಲು ತಿಳಿಯಬೇಕಲ್ಲ. ಕೇಳುವಂತಿಲ್ಲ, ಬರೇ ನೋಡಬೇಕು. ತುಂಬಿದ ಸ್ಟ್ಯಾಂಡಿನಲ್ಲಿ ಒಬ್ಬರ ಪಕ್ಕ ಒಬ್ಬರು ಕೂತವರನ್ನೆಲ್ಲ ಒಂದೇ ಗುಂಪೆನ್ನಲು ಬರುವುದಿಲ್ಲ.

ಎರಡು ದಿನ ನಾವಿಬ್ಬರೂ ತಲೆ ಕೆರೆದುಕೊಂಡೆವು. ಹುಡುಗಿ ನಡಿಗೆಯ ಅಂತರ ಅಳೆಯುವ ಮಾತಾಡಿದಳು. ನಾನು ಸೀರೆಯ ಬಣ್ಣ ಎಂದೆ, ಅದು ಕೂಡಲೇ ತಿರಸ್ಕೃತವಾಯಿತು. ನಮ್ಮವ್ವ ಎಲೆ ಅಡಿಕೆಯ ಚಂಚಿ ಬಿಚ್ಚುತ್ತ, "ಬುತ್ತಿ ನೋಡ್ರಿ" ಎಂದಳು. "ಒಂದ ಗಂಟಿನ್ಯಾಗಿನ ರೊಟ್ಟಿ ಯಾರ್ಯಾರು ತಿಂತಾರ, ಅವರೆಲ್ಲಾ ಒಂದು." ಹುಡುಗಿ ಬೆರಗಾಗಿ ಒಂದು ಗಳಿಗೆ ಅಜ್ಜಿಯನ್ನೇ ನೋಡಿದಳು, ಆಮೇಲೆ ಲ್ಯಾಪ್‌ಟಾಪು ತೆರೆದಳು. ಈಗ ನನ್ನ ಪ್ಯಾಡಿನಲ್ಲಿ ಹೊಸ ಕಾಲಂ ಬಂದಿದೆ. ಗಂಡಸೋ ಹೆಂಗಸೋ, ಚೀಲ, ಊರು, ಹತ್ತಿದ ಗಾಡಿ, ಕೊನೆಗೆ ಬುತ್ತಿಯ ನಂಬರು. ನನ್ನದು ನಾಲ್ಕನೆಯದು: ಗುರುತಿಲ್ಲದ ಗುಂಪಿನವರು ಕರೆದು, ಎರಡು ರೊಟ್ಟಿ, ಹೆಸರುಕಾಳು ಪಲ್ಲೆ, ಗುರೆಳ್ಳು ಹಿಂಡಿ ಕೈಯಲ್ಲಿಟ್ಟರು. ತಿಂದಮೇಲೆ ನನ್ನನ್ನೂ ಅವರ ಸಾಲಿಗೇ ಸೇರಿಸಬೇಕಾಯಿತು.